ಎರವಲು ಶೋಕ

2006ರಲ್ಲಿ ‘ಗೇರ್ಸ್ ಆಫ್ ವಾರ್’ ಆಟದ ಟ್ರೇಲರ್ ಬಂತು. ಹಾಳುಬಿದ್ದ ಊರಿನಲ್ಲಿ ಒಂಟಿ ಯೋಧ. ಹಿನ್ನೆಲೆಯಲ್ಲಿ ‘ಮ್ಯಾಡ್ ವರ್ಲ್ಡ್’ ಹಾಡಿನ ಸೋತ ದನಿ, ಪಿಯಾನೋದ ನಾಲ್ಕು ಸ್ವರ. ನೋಡಿದವರ ಗಂಟಲು ಕಟ್ಟುವಂಥದ್ದು. ಆಟದೊಳಗೆ ಹೋದರೆ ನಮಗೆ ಸಿಗುವ ಕೆಲಸ, ಬಂದೂಕಿಗೆ ಜೋಡಿಸಿದ ಯಂತ್ರದ ಗರಗಸದಿಂದ ಶತ್ರುಗಳನ್ನು ಸೀಳುವುದು.

ಆ ಹಾಡು ಆಟದ್ದಲ್ಲ. ‘ಟಿಯರ್ಸ್ ಫಾರ್ ಫಿಯರ್ಸ್’ ತಂಡ 1982ರಲ್ಲಿ ಹೊರತಂದ ಹಾಡನ್ನು ಮೈಕಲ್ ಆಂಡ್ರೂಸ್ ಮತ್ತು ಗ್ಯಾರಿ ಜೂಲ್ಸ್ ‘ಡಾನಿ ಡಾರ್ಕೊ’ ಸಿನಿಮಾಕ್ಕಾಗಿ ವಿಲಂಬಕ್ಕಿಳಿಸಿದ್ದರು. ಆಟಕ್ಕೆ ಸಂಗೀತ ಕೊಟ್ಟ ಕೆವಿನ್ ರೀಪಲ್ ಕೆಲಸ ಅಲ್ಲಿ ಕೇಳಿಸುವುದೇ ಇಲ್ಲ. 2014ರಲ್ಲಿ ‘ಅಸ್ಯಾಸಿನ್ಸ್ ಕ್ರೀಡ್ ಯೂನಿಟಿ’ ಫ್ರೆಂಚ್ ಕ್ರಾಂತಿಯನ್ನು ತೋರಿಸಿದ್ದು ಅದೇ ತಂಡದ ಇನ್ನೊಂದು ಹಾಡಿನ ಜೊತೆ. ಗಾಯಕಿ ಲಾರ್ಡ್ ಅದನ್ನು ‘ಹಂಗರ್ ಗೇಮ್ಸ್’ ಚಿತ್ರಕ್ಕೆಂದು ಹಾಡಿದ್ದರು. ಎರವಲಿನ ಮೇಲೆ ಎರವಲು.

ಹೊಸದಾಗಿ ಮಾಡಿಸಿದ ಸಂಗೀತವೂ ಮೋಸ ಮಾಡಬಲ್ಲದು. 2011ರ ‘ಡೆಡ್ ಐಲ್ಯಾಂಡ್’ ಟ್ರೇಲರಿನಲ್ಲಿ ಪುಟ್ಟ ಹುಡುಗಿಯೊಬ್ಬಳ ಸಾವು ಹಿಂದುಹಿಂದಕ್ಕೆ ಚಲಿಸುತ್ತದೆ. ಗೈಲ್ಸ್ ಲ್ಯಾಂಬ್ ಅವರ ಪಿಯಾನೋ ಎದೆ ಹಿಂಡುತ್ತದೆ. ಆಟದಲ್ಲಿ ಮಾತ್ರ ಆ ದುಃಖಕ್ಕೆ ಪುರುಸೊತ್ತೇ ಇಲ್ಲ: ಕೈಗೆ ಸಿಕ್ಕಿದ್ದರಿಂದ ಜೋಂಬಿಗಳನ್ನು ಬಡಿಯಬೇಕು, ಮುಂದೆ ಹೋಗಬೇಕು.

‘ಜಾಹೀರಾತು ತಾನೇ, ಇಷ್ಟೇಕೆ ಸಿಟ್ಟು?’ ಎನ್ನುವವರಿದ್ದಾರೆ. ಜಾಹೀರಾತು ಸರಕನ್ನು ಹೊಗಳಲಿ, ಬೇಡವೆಂದವರಾರು? ಆದರೆ ಇಲ್ಲಿ ಸರಕಿನಲ್ಲೇ ಇಲ್ಲದ ಭಾವವನ್ನು ತೋರಿಸಿ ದುಡ್ಡು ಕೇಳಲಾಗುತ್ತಿದೆ. ಚಿತ್ರವಾದರೆ ಕಣ್ಣು ಅನುಮಾನಿಸುತ್ತದೆ, ‘ಆಟ ಹೀಗೆ ಕಾಣುತ್ತದೆಯೇ?’ ಎಂದು ಕೇಳುತ್ತದೆ. ಕಿವಿಗೆ ಆ ಎಚ್ಚರವಿಲ್ಲ; ರಾಗ ನೇರ ಒಳಗಿಳಿಯುತ್ತದೆ. ಅದಕ್ಕೇ ಸುಳ್ಳು ಅಲ್ಲಿ ಸಲೀಸು. ಇದೇ ಉಪಾಯ ಮತ್ತೆ ಮತ್ತೆ ನಡೆದರೆ ವಿಷಾದವೂ ಸವಕಲು ನಾಣ್ಯವಾಗುತ್ತದೆ. ಪಿಯಾನೋ ಮೆಲ್ಲಗೆ ಶುರುವಾದೊಡನೆ ‘ಓ, ಇನ್ನೊಂದು ಟ್ರೇಲರ್’ ಎಂದು ನಗುವ ಕೇಳುಗನನ್ನು ನಾವೇ ತಯಾರು ಮಾಡುತ್ತಿದ್ದೇವೆ.

ಬೇರೆ ದಾರಿಯಿಲ್ಲವೇ? ಇದೆ. ‘ಸ್ಕೈರಿಮ್’ ಟ್ರೇಲರಿನಲ್ಲಿ ಮೊಳಗುವುದು ಜೆರೆಮಿ ಸೋಲ್ ಆ ಆಟಕ್ಕೆಂದೇ ಸಂಯೋಜಿಸಿದ ಸಂಗೀತ. ಗಾಯಕರ ಮೇಳ ಹಾಡುವುದೂ ಆಟಕ್ಕಾಗಿ ಕಟ್ಟಿದ ಡ್ರ್ಯಾಗನ್ ಭಾಷೆಯಲ್ಲಿ. ಆಟ ತೆರೆದರೆ ಮೊದಲ ಪರದೆಯಲ್ಲೇ ಅದೇ ರಾಗ ಎದುರುಗೊಳ್ಳುತ್ತದೆ. ಕೊಟ್ಟ ಮಾತು ಅಲ್ಲಿ ಉಳಿದಿದೆ.

ಆಟವೂ ಒಂದು ಕಲೆ ಎಂದು ವಾದಿಸುವ ನಾವು ಇಷ್ಟನ್ನಾದರೂ ಕೇಳಬೇಕು: ಟ್ರೇಲರಿನಲ್ಲಿ ಆಟದ್ದೇ ಸಂಗೀತವಿರಲಿ. ಅದು ಅಳಿಸದಿದ್ದರೆ ಬೇಡ. ಅಳಿಸಲೇಬೇಕೆಂದರೆ, ಮೊದಲು ಅಳು ಬರಿಸುವ ಆಟವನ್ನು ಮಾಡಿ.