ನಾಯಿಕೆಯಿಂದ ತಾಯಿಯವರೆಗೆ: ಬೆಳ್ತಂಗಡಿಯ ಲೀಲಾವತಿ

ಸಂಸ್ಕೃತದಲ್ಲಿ ‘ಪಾತ್ರ’ವೆಂಬ ಶಬ್ದವು ವಸ್ತುವನ್ನು ಧರಿಸುವ ಭಾಂಡಕ್ಕೂ, ವೇಷ ಧರಿಸಿ ರಂಗಕ್ಕೆ ಬರುವವರಿಗೂ, ದಾನವನ್ನು ಪಡೆಯಲು ಯೋಗ್ಯರಾದವರಿಗೂ ಸಲ್ಲುವುದು. ಈ ಮೂರು ಅರ್ಥಗಳೂ ಒಂದೇ ಬಾಳಿನಲ್ಲಿ ಕೂಡಿದುದನ್ನು ಕಾಣಬೇಕಾದರೆ, ಚಾರ್ಮಾಡಿ ಘಾಟಿಯ ಕೆಳಗಿನ ನಮ್ಮ ಬೆಳ್ತಂಗಡಿಯಲ್ಲಿ ಹುಟ್ಟಿದ ನಟಿ ಲೀಲಾವತಿಯವರ ಚರಿತ್ರೆಯನ್ನು ನೋಡಬಹುದು.

ಅವರ ಬಾಲ್ಯದಲ್ಲಿ ಈ ಸೀಮೆಯ ಯಕ್ಷಗಾನದೊಳಗೆ ಸೀತೆ, ದ್ರೌಪದಿಯರ ವೇಷವನ್ನು ಗಂಡಸರೇ ಕಟ್ಟುತ್ತಿದ್ದರು. ಹೆಂಗಸು ರಂಗವೇರುವುದು ಅಪಕೀರ್ತಿಯೆಂದೇ ಜನದ ಭಾವನೆ. ಭರತಮುನಿಯಾದರೋ ಕೈಶಿಕೀ ವೃತ್ತಿಯು ಸ್ತ್ರೀಯರಿಲ್ಲದೆ ನಡೆಯಲಾರದೆಂದು ಬ್ರಹ್ಮನಿಗೆ ಅರಿಕೆ ಮಾಡಿದನೆಂದು ನಾಟ್ಯಶಾಸ್ತ್ರದ ಮೊದಲ ಅಧ್ಯಾಯವೇ ಹೇಳುತ್ತದೆ. ಶಾಸ್ತ್ರ ಒಪ್ಪಿದುದನ್ನು ಲೋಕ ಒಪ್ಪದಿದ್ದ ಆ ಕಾಲದಲ್ಲಿ ಈ ಬಡ ಹುಡುಗಿ ಮೈಸೂರಿನಲ್ಲಿ ಮಹಾಲಿಂಗ ಭಾಗವತರ ನಾಟಕ ಮಂಡಲಿಯನ್ನು ಸೇರಿದಳು. ೧೯೪೯ರ ‘ನಾಗಕನ್ನಿಕಾ’ ಚಿತ್ರದಲ್ಲಿ ದೊರೆತುದು ಸಣ್ಣ ಪಾತ್ರ. ೧೯೫೮ರ ‘ಮಾಂಗಲ್ಯ ಯೋಗ’ದಲ್ಲಿ ನಾಯಿಕೆಯ ಪದವಿ. ೧೯೬೦ರಲ್ಲಿ ‘ರಣಧೀರ ಕಂಠೀರವ’, ‘ರಾಣಿ ಹೊನ್ನಮ್ಮ’ ಚಿತ್ರಗಳಲ್ಲಿ ರಾಜಕುಮಾರರೊಡನೆ ನಟಿಸಿ ಮನೆಮಾತಾದರು.

ರೂಪವನ್ನು ನಂಬಿದ ವೃತ್ತಿಗೆ ವಯಸ್ಸೇ ದೊಡ್ಡ ಪರೀಕ್ಷೆ. ಸ್ವೀಡನ್ ದೇಶದ ಜಗದ್ವಿಖ್ಯಾತ ನಟಿ ಗ್ರೇಟಾ ಗಾರ್ಬೊ ಅವರ ಕಡೆಯ ಚಿತ್ರ ೧೯೪೧ರಲ್ಲಿ ಹೊರಬಂದಾಗ ಅವರಿಗೆ ೩೬ ವರ್ಷ. ೧೯೯೦ರಲ್ಲಿ ಕಾಲವಾಗುವವರೆಗೂ ಅವರು ಮತ್ತೊಂದು ಚಿತ್ರದಲ್ಲಿ ನಟಿಸಲಿಲ್ಲ. ಲೀಲಾವತಿಯವರು ಹಿಡಿದ ದಾರಿ ಬೇರೆ. ನಾಯಿಕೆಯ ಸ್ಥಾನವನ್ನು ಕಿರಿಯರಿಗೆ ಬಿಟ್ಟು ತಾಯಿಯ ಪಾತ್ರಕ್ಕೆ ಇಳಿದರು. ಇಳಿದರೆಂಬುದಕ್ಕಿಂತ ಏರಿದರೆಂಬುದೇ ಸರಿ. ಪುಟ್ಟಣ್ಣ ಕಣಗಾಲರ ‘ಗೆಜ್ಜೆಪೂಜೆ’ಯಲ್ಲಿ (೧೯೬೯) ಕಲ್ಪನಾ ಅವರ ತಾಯಿಯಾಗಿ ನಟಿಸಿದುದಕ್ಕೆ ರಾಜ್ಯ ಪ್ರಶಸ್ತಿ ಬಂದಿತು, ಬಳಿಕ ‘ಸಿಪಾಯಿ ರಾಮು’ ಚಿತ್ರಕ್ಕೂ ಬಂದಿತು. ಹಿಂದೆ ಯಾವ ನಾಯಕನಿಗೆ ಪತ್ನಿಯಾಗಿದ್ದರೋ ಮುಂದೆ ಅವರಿಗೇ ತಾಯಿಯಾಗಲು ಅವರು ಹಿಂಜರಿಯಲಿಲ್ಲ. ಹಲವು ಭಾಷೆಗಳಲ್ಲಿ ಸೇರಿ ಅವರ ಚಿತ್ರಗಳು ೬೦೦ಕ್ಕೂ ಮಿಕ್ಕವು.

ತೆರೆಯ ಮೇಲಿನ ತಾಯಿಗಾಗಿ ಕಣ್ಣೀರಿಟ್ಟು, ಮನೆಗೆ ಬಂದೊಡನೆ ‘ಸಿನಿಮಾದವಳು’ ಎಂದು ಹಗುರವಾಗಿ ಆಡುವವರು ನಮ್ಮಲ್ಲಿ ಕಡಮೆಯಿಲ್ಲ. ಅಂಥವರು ನೆಲಮಂಗಲದ ಬಳಿಯ ಸೋಲದೇವನಹಳ್ಳಿಯ ಕಡೆಗೆ ನೋಡಲಿ. ಅಲ್ಲಿ ನೆಲಸಿದ ಲೀಲಾವತಿಯವರು ತಮ್ಮ ದುಡಿಮೆಯ ಹಣದಿಂದ ಹಳ್ಳಿಯ ಜನಕ್ಕೆ ಆಸ್ಪತ್ರೆಯನ್ನು ಕಟ್ಟಿಸಿದರು. ಮೂಕಪ್ರಾಣಿಗಳಿಗೂ ಒಂದು ಆಸ್ಪತ್ರೆಯಾಗಬೇಕೆಂದು ಹಂಬಲಿಸಿದರು. ಆ ಪಶು ಚಿಕಿತ್ಸಾಲಯವು ೨೦೨೩ನೆಯ ನವೆಂಬರಿನಲ್ಲಿ ತೆರೆಯಿತು. ಮರುತಿಂಗಳು ೮ನೆಯ ತಾರೀಖಿನಂದು ಅವರು ಕಾಲಾಧೀನರಾದರು. ಜನರು ಮೆಚ್ಚಿ ಕೊಟ್ಟುದನ್ನು ಜನರಿಗೇ ತಿರುಗಿ ಸಲ್ಲಿಸಿದವರನ್ನಲ್ಲವೇ ನಮ್ಮ ಹಿರಿಯರು ಸತ್ಪಾತ್ರರೆಂದುದು?

ಇಂದು ನಮ್ಮ ಯಕ್ಷಗಾನದಲ್ಲಿಯೂ ಹೆಣ್ಣುಮಕ್ಕಳು ಗೆಜ್ಜೆ ಕಟ್ಟುತ್ತಿರುವರು. ವಾಚಕರ ಮನೆಯಲ್ಲಿ ಅಂಥ ಆಸೆಯುಳ್ಳ ಮಗಳೋ ಮೊಮ್ಮಗಳೋ ಇದ್ದರೆ, ‘ಜನ ಏನೆಂದಾರು’ ಎಂದು ಗದರಿಸುವ ಮುನ್ನ, ಅವಳು ಆ ವಿದ್ಯೆಯನ್ನು ಶ್ರದ್ಧೆಯಿಂದ ಕಲಿಯುವಳೇ ಎಂದು ವಿಚಾರಿಸಿರಿ. ಕಲಿಯುವಳೆಂದು ಕಂಡರೆ ತಕ್ಕ ಗುರುವನ್ನು ಹುಡುಕಿಕೊಡಿರಿ.