ಗೆರೆ ದಾಟುವ ಮುನ್ನ 470 ಮೀಟರ್

ಸಿಗ್ನಲ್ಲಿನಲ್ಲಿ ಮೂರು ಲೇನ್ ಬರೆದಿದ್ದರೆ ನಾವು ಐದು ಸಾಲಾಗಿ ನಿಲ್ಲುತ್ತೇವೆ. ಕಾರುಗಳ ಸಂದಿಯಲ್ಲಿ ಸ್ಕೂಟರು, ಸ್ಕೂಟರಿನ ಸಂದಿಯಲ್ಲಿ ಇನ್ನೊಂದು ಸ್ಕೂಟರು, ಸ್ಟಾಪ್ ಲೈನಿನ ಆಚೆ ಆಟೊದ ಮುಂದಿನ ಚಕ್ರ, ಜೀಬ್ರಾ ಪಟ್ಟೆಯ ಮೇಲೆ ಬಸ್ಸಿನ ಮೂತಿ. ಹಸಿರು ಬಿದ್ದ ಕೂಡಲೇ ಐದು ಸಾಲೂ ಮೂರರೊಳಗೆ ತೂರಿಕೊಳ್ಳಬೇಕು. ಯಾರೂ ತೂರಲಾಗದೆ ಎಲ್ಲರೂ ಹಾರ್ನ್ ಒತ್ತುತ್ತಾರೆ, ಅಷ್ಟರಲ್ಲಿ ಹಸಿರಿನ ಅರ್ಧ ಆಯಸ್ಸು ಮುಗಿದಿರುತ್ತದೆ. ಬೆಂಗಳೂರಿನ ಟ್ರಾಫಿಕ್ಕಿಗೆ ವಾಹನಗಳ ಸಂಖ್ಯೆಯೊಂದೇ ಕಾರಣ ಎನ್ನುವವರು ಫುಟ್‌ಪಾತಿನಲ್ಲಿ ನಿಂತು ಈ ಕೆಲವು ಸೆಕೆಂಡುಗಳನ್ನು ನೋಡಬೇಕು.

ಬೈದುಕೊಳ್ಳುವುದು ಯಾರನ್ನು? ಆರ್‌ಟಿಒದಲ್ಲಿ ಸ್ಕೂಟರಿನವನಿಂದ ‘ಎಂಟು’ ಹಾಕಿಸುತ್ತಾರೆ, ಕಾರಿನವನಿಂದ ರಿವರ್ಸ್ ತೆಗೆಸುತ್ತಾರೆ. ಕಾಲು ನೆಲಕ್ಕೆ ತಾಗಿಸದೆ ಎಂಟು ಹಾಕಿದವನು ಪಾಸು. ಎಲ್‌ಎಲ್‌ಆರ್ ಪರೀಕ್ಷೆಯಲ್ಲಿ ಗೆರೆಗಳ ಮೇಲೆ ಪ್ರಶ್ನೆ ಬರುತ್ತದೆ, ನಿಜ. ಆದರೆ ಅದನ್ನು ಹಿಂದಿನ ರಾತ್ರಿ ಬಾಯಿಪಾಠ ಮಾಡಿ, ಕಂಪ್ಯೂಟರಿನ ಮುಂದೆ ಕಕ್ಕಿ, ಮನೆಗೆ ಬರುವಷ್ಟರಲ್ಲಿ ಮರೆತಿರುತ್ತೇವೆ. ಡ್ರೈವಿಂಗ್ ಸ್ಕೂಲಿನ ಮೇಷ್ಟ್ರು ಹಾಫ್ ಕ್ಲಚ್ಚಿನಲ್ಲಿ ದಿಬ್ಬ ಹತ್ತಿಸುವುದನ್ನು ಕಲಿಸಲು ಎರಡು ದಿನ ತೆಗೆದುಕೊಳ್ಳುತ್ತಾರೆ. ಲೇನಿನ ಬಗ್ಗೆ ಅವರ ಉಪದೇಶ ಒಂದೇ ಸಾಲಿನದು: “ಎಡಕ್ಕೇ ಇರಿ ಮೇಡಂ, ಹಾರ್ನ್ ಹೊಡೀತಾ ಹೋಗಿ.”

ಹಾಗೆ ನೋಡಿದರೆ ಕಲಿಯಬೇಕಾದ್ದು ಬಹಳ ಇಲ್ಲ. ತುಂಡು ತುಂಡಾದ ಗೆರೆಯನ್ನು ನೋಡಿಕೊಂಡು ದಾಟಬಹುದು. ಎಡೆಬಿಡದೆ ಎಳೆದ ಗೆರೆಯನ್ನು ದಾಟುವಂತಿಲ್ಲ. ಎರಡು ಗೆರೆ ಅಕ್ಕಪಕ್ಕ ಇದ್ದು ಒಂದು ತುಂಡು, ಇನ್ನೊಂದು ಇಡಿ ಆಗಿದ್ದರೆ, ನಿಮ್ಮ ಮಗ್ಗುಲಿಗೆ ಯಾವುದಿದೆಯೋ ಅದು ನಿಮಗೆ, ಆಚೆಯದು ಎದುರಿನವನಿಗೆ. ರಸ್ತೆ ಅಂಚಿನಲ್ಲಿ ಒಂಟಿ ಹಳದಿ ಗೆರೆ ಇದ್ದರೆ ಪಾರ್ಕಿಂಗ್ ಇಲ್ಲ, ಜೋಡಿ ಹಳದಿ ಇದ್ದರೆ ‘ಒಂದ್ನಿಮಿಷ ಬಂದೆ’ ಎಂದು ನಿಲ್ಲಿಸುವುದಕ್ಕೂ ಇಲ್ಲ. ಇವನ್ನೆಲ್ಲ ಗೊತ್ತುಮಾಡುವುದು 1934ರಲ್ಲಿ ಹುಟ್ಟಿದ ಇಂಡಿಯನ್ ರೋಡ್ಸ್ ಕಾಂಗ್ರೆಸ್. ಅದರ 35ನೇ ಸಂಖ್ಯೆಯ ಸಂಹಿತೆ ಪೂರ್ತಿ ರಸ್ತೆಯ ಗೆರೆಗಳದ್ದೇ.

ತುಂಡು ಗೆರೆಯಲ್ಲಿ ಇನ್ನೊಂದು ಸೂಕ್ಷ್ಮ ಇದೆ, ಅದನ್ನು ಗಮನಿಸುವವರು ಕಡಿಮೆ. ನೆಟ್ಟನೆಯ ಹಾದಿಯಲ್ಲಿ ಬಣ್ಣಕ್ಕಿಂತ ನಡುವಿನ ಖಾಲಿ ಜಾಗವೇ ಹೆಚ್ಚಿರುತ್ತದೆ. ಮುಂದೆ ತಿರುವೋ ಜಂಕ್ಷನ್ನೋ ಬರುವುದಿದ್ದರೆ ಬಣ್ಣದ ತುಂಡು ಉದ್ದವಾಗುತ್ತದೆ, ಖಾಲಿ ಕುಗ್ಗುತ್ತದೆ. ಇಡಿ ಗೆರೆ ಬರಲಿದೆ, ಓವರ್‌ಟೇಕ್ ಶುರು ಮಾಡಬೇಡಿ, ಶುರು ಮಾಡಿದ್ದರೆ ಬೇಗ ಮುಗಿಸಿ ಎಂದು ಅದರ ಅರ್ಥ. ಫಲಕ ನೋಡಲು ಕಣ್ಣು ಎತ್ತಬೇಕು. ಇದಕ್ಕೆ ಅದೂ ಬೇಕಿಲ್ಲ, ಚಕ್ರದ ಪಕ್ಕದಲ್ಲೇ ಇರುತ್ತದೆ.

ಇಡಿ ಗೆರೆಯನ್ನು ನಮ್ಮವರು ಸರ್ಕಾರದ ಕಿರಿಕಿರಿ ಎಂದು ತಿಳಿದಿದ್ದಾರೆ. ಸ್ವಲ್ಪ ಲೆಕ್ಕ ಹಾಕೋಣ. ತಾಲ್ಲೂಕಿನಿಂದ ತಾಲ್ಲೂಕಿಗೆ ಹೋಗುವ, ಡಿವೈಡರ್ ಇಲ್ಲದ ಎರಡು ಲೇನಿನ ರಸ್ತೆ. ಮುಂದೆ ಗಂಟೆಗೆ 60 ಕಿ.ಮೀ. ವೇಗದಲ್ಲಿ ಒಂದು ಲಾರಿ. ನೀವು 80ರಲ್ಲಿ ಅದನ್ನು ದಾಟಬೇಕು. ನಿಮ್ಮಿಬ್ಬರ ನಡುವಿನ ವ್ಯತ್ಯಾಸ 20 ಕಿ.ಮೀ., ಅಂದರೆ ಸೆಕೆಂಡಿಗೆ ಐದೂವರೆ ಮೀಟರ್. ಲಾರಿಯ ಉದ್ದ ಹತ್ತು ಮೀಟರ್ ಇರಲಿ, ಹಿಂದೆ ಇಪ್ಪತ್ತು ಮೀಟರ್ ಬಿಟ್ಟು ಹೊರಟಿರಿ, ಮುಂದೆ ಇಪ್ಪತ್ತು ಮೀಟರ್ ಬಿಟ್ಟು ಎಡಕ್ಕೆ ಬಂದಿರಿ. ಒಟ್ಟು 50 ಮೀಟರ್, ಹಿಡಿಯುವುದು ಒಂಬತ್ತು ಸೆಕೆಂಡು. ಆ ಒಂಬತ್ತು ಸೆಕೆಂಡಿನಲ್ಲಿ ನೀವು ರಸ್ತೆಯ ಮೇಲೆ 200 ಮೀಟರ್ ಓಡಿರುತ್ತೀರಿ. ಎದುರಿನಿಂದ 80ರಲ್ಲೇ ಬರುತ್ತಿರುವ ಬಸ್ಸು ತನ್ನ 200 ಮೀಟರ್ ಓಡಿರುತ್ತದೆ. 400 ಆಯಿತು. ‘ಹೋಗ್ಲಾ, ಬೇಡ್ವಾ’ ಎಂದು ಯೋಚಿಸುವುದಕ್ಕೂ ಒಂದಿಷ್ಟು ದೂರ ಬೇಕು. ರೋಡ್ಸ್ ಕಾಂಗ್ರೆಸ್ಸಿನ ಕೋಷ್ಟಕದಲ್ಲಿ 80 ಕಿ.ಮೀ. ವೇಗಕ್ಕೆ ಓವರ್‌ಟೇಕ್ ಮಾಡಲು ಮುಂದೆ ಕಾಣಬೇಕಾದ ದೂರ 470 ಮೀಟರ್. 100ರ ವೇಗಕ್ಕೆ 640. ನಮ್ಮ ಕಣ್ಣಂದಾಜಿನಲ್ಲಿ ನೂರಿನ್ನೂರು ಮೀಟರ್ ಖಾಲಿ ಕಂಡರೆ ‘ದಂಡಿಯಾಗಿದೆ, ಹೊಡಿ’ ಎನ್ನುತ್ತೇವೆ.

ಈ ದೂರವನ್ನು ಅಳೆಯುವಾಗ ಚಾಲಕನ ಕಣ್ಣು ರಸ್ತೆಯಿಂದ 1.2 ಮೀಟರ್ ಎತ್ತರದಲ್ಲಿದೆ ಎಂದು ಎಂಜಿನಿಯರುಗಳು ಇಟ್ಟುಕೊಳ್ಳುತ್ತಾರೆ. ಕಾರಿನಲ್ಲಿ ಕೂತವನ ಕಣ್ಣಿನ ಎತ್ತರ ಅದು. ಉಬ್ಬಿನ ಆಚೆ ಇಳಿಜಾರಿನಲ್ಲಿ ಬರುವ ಕಾರು ಆ ಕಣ್ಣಿಗೆ ಕಾಣದು. ತಿರುವಿನಲ್ಲಿ ಗುಡ್ಡವೋ ಬೇಲಿಯೋ ಅಡ್ಡ. ಅಂಥ ಕಡೆ ಇಡಿ ಗೆರೆ ಬೀಳುತ್ತದೆ. ಬಸ್ಸು, ಲಾರಿಯಲ್ಲಿ ಎತ್ತರ ಕೂತವರಿಗೆ ತಮಗೆಲ್ಲ ಕಾಣುತ್ತದೆಂಬ ಧೈರ್ಯ ಇರುತ್ತದೆ, ಗಿಡ್ಡ ಕಾರು ಉಬ್ಬಿನ ಹಿಂದೆ ಇರುವವರೆಗೆ ಅವರಿಗೂ ಕಾಣುವುದಿಲ್ಲ. ಹುಬ್ಬಳ್ಳಿ–ಧಾರವಾಡ ಬೈಪಾಸ್ ವರ್ಷಗಟ್ಟಲೆ ಹೀಗೇ ಇತ್ತು: ಎರಡೂ ಕಡೆಯಿಂದ ಬರುವ ನಾಲ್ಕು ಲೇನಿನ ಹೆದ್ದಾರಿಯ ವೇಗ ಅಲ್ಲಿ ಎರಡೇ ಲೇನಿಗೆ ಇಳಿಯುತ್ತಿತ್ತು, ನಡುವೆ ಡಿವೈಡರ್ ಇಲ್ಲ. 2021ರ ಜನವರಿಯಲ್ಲಿ ಇಟಿಗಟ್ಟಿ ಬಳಿ ಗೋವಾಕ್ಕೆ ಹೊರಟಿದ್ದ ದಾವಣಗೆರೆಯ ಗೆಳತಿಯರ ಟೆಂಪೊ ಟ್ರಾವೆಲರ್ ಟಿಪ್ಪರಿಗೆ ಡಿಕ್ಕಿಯಾಗಿದ್ದು ಆ ರಸ್ತೆಯಲ್ಲೇ. ಅಗಲ ಮಾಡುವ ಕೆಲಸ ಶುರುವಾಗಿದ್ದು ಆಮೇಲೆ.

ಇಷ್ಟು ಹೇಳಿದ ಮೇಲೆ ಓದುಗರು ಕೇಳುವ ಪ್ರಶ್ನೆ ನನಗೆ ಗೊತ್ತು: “ನಮ್ಮ ಕಡೆ ಗೆರೆ ಎಳೆಯುವವರನ್ನು ನಂಬಬಹುದಾ ಸ್ವಾಮಿ?” ಪೂರ್ತಿ ನಂಬಲಾಗದು. ತಿರುವಿನ ಮೇಲೆಯೂ ನೆಟ್ಟಗೆ ತುಂಡು ಗೆರೆ ಹೊಡೆದುಕೊಂಡು ಹೋದ ಗುತ್ತಿಗೆದಾರರಿದ್ದಾರೆ. ಮೆಟ್ರೊ ಕಾಮಗಾರಿಗೆ ಬ್ಯಾರಿಕೇಡ್ ಬಿದ್ದು ಲೇನುಗಳು ಪಕ್ಕಕ್ಕೆ ಸರಿದಿರುತ್ತವೆ, ಹಳೆಯ ಗೆರೆ ಮಾತ್ರ ಅಳಿಸದೆ ಉಳಿದು ನೇರ ಬ್ಯಾರಿಕೇಡಿನ ಕಡೆಗೇ ಕರೆದೊಯ್ಯುತ್ತದೆ. ಮಳೆಯ ರಾತ್ರಿಯಲ್ಲಿ ಹಳೆಯ ಗೆರೆ, ಹೊಸ ಗೆರೆ ಎರಡೂ ಒಂದೇ ಥರ ಹೊಳೆಯುತ್ತವೆ. ಆದ್ದರಿಂದ ನನ್ನ ಸೂತ್ರ ಅರ್ಧ ನಂಬಿಕೆಯದು. ‘ಕೂಡದು’ ಎನ್ನುವ ಗೆರೆಯನ್ನು ಕಣ್ಣುಮುಚ್ಚಿ ನಂಬುತ್ತೇನೆ. ಅದು ಸುಳ್ಳಾದರೆ ಹೋಗುವುದು ಎರಡು ನಿಮಿಷ. ‘ಆಗಬಹುದು’ ಎನ್ನುವ ಗೆರೆಯನ್ನು ಮಾತ್ರ ಪರೀಕ್ಷಿಸದೆ ಒಪ್ಪುವುದಿಲ್ಲ.

ಹೆದ್ದಾರಿಗೆ ಬಂದರೆ ಜಗಳ ಬೇರೆ. ಅಲ್ಲಿ ಡಿವೈಡರ್ ಇದೆ, ಎದುರಿನಿಂದ ಯಾರೂ ಬರುವುದಿಲ್ಲ (ಬರಬಾರದು ಎನ್ನೋಣ). ಮೂರು ಲೇನಿನಲ್ಲಿ ಎಡಗಡೆಯದು ನಿಧಾನಿಗಳಿಗೆ, ನಡುವಿನದು ಹೋಗುತ್ತಿರುವವರಿಗೆ, ಡಿವೈಡರಿನ ಪಕ್ಕದ್ದು ಓವರ್‌ಟೇಕ್ ಮಾಡಿ ಮರಳುವವರಿಗೆ. ನಮ್ಮಲ್ಲಿ ಈ ಬಲಗಡೆಯ ಲೇನು ಲಾರಿಗಳಿಗೆ ಪಿತ್ರಾರ್ಜಿತ ಆಸ್ತಿಯಾಗಿದೆ. ಸಿಮೆಂಟ್ ಹೊತ್ತ ಲಾರಿ 50ರಲ್ಲಿ ಬಲಕ್ಕೆ, ಅದರ ಎಡಕ್ಕೆ 52ರಲ್ಲಿ ಇನ್ನೊಂದು. ಕಾರುಗಳು ಹಾವಿನಂತೆ ಎಡಕ್ಕೆ ನುಸುಳಿ ಬಲಕ್ಕೆ ಬರುತ್ತವೆ.

ತುಮಕೂರು ದಾಟಿದ ಮೇಲೆ ಒಂದು ಟೀ ಅಂಗಡಿಯಲ್ಲಿ ಹುಬ್ಬಳ್ಳಿ ಕಡೆಯ ಲಾರಿ ಡ್ರೈವರೊಬ್ಬರನ್ನು ಇದನ್ನೇ ಕೇಳಿದೆ. ಗ್ಲಾಸು ಕೆಳಗಿಟ್ಟು ಅವರು ಕೊಟ್ಟ ಉತ್ತರ: “ಎಡಕ್ಕ ಹೋಗಿ ನೋಡ್ರಿ ಸರ್. ಪಂಕ್ಚರ್ ಅಂಗಡಿ ಮುಂದ ಒಂದ್ ಲಾರಿ ನಿಂತಿರ್ತದ, ಹಿಂದ ಲೈಟ್ ಇರಂಗಿಲ್ಲ. ಅದನ್ನ ತಪ್ಪಿಸಿದ್ರ ರಾಂಗ್ ಸೈಡಿಂದ ಬೈಕ್. ಅದ ದಾಟಿದ್ರ ಸರ್ವೀಸ್ ರೋಡಿಂದ ಟ್ರ್ಯಾಕ್ಟರ್ ಒಮ್ಮೆಲೇ ಏರ್ತದ. ಇಪ್ಪತ್ತೈದ್ ಟನ್ ಲೋಡ್ ಐತ್ರಿ, ಒಮ್ಮೆ ಬ್ರೇಕ್ ಹಿಡದ್ರ ಮತ್ತ ಸ್ಪೀಡ್ ಹಿಡಿಯಾಕ ಎಷ್ಟ್ ಡೀಸೆಲ್ ಬೇಕು ಗೊತ್ತೇನ್ರಿ? ಬಲಕ್ಕ ನಾಯಿ ಬಿಟ್ರ ಯಾರೂ ಬರಂಗಿಲ್ಲ.”

ಇದಕ್ಕೆ ನನ್ನ ಹತ್ತಿರ ಪೂರ್ತಿ ಉತ್ತರ ಇರಲಿಲ್ಲ. ಅವರು ಹೇಳಿದ್ದರಲ್ಲಿ ಮುಕ್ಕಾಲು ಪಾಲು ನಿಜ. ಎಡ ಲೇನನ್ನು ಪಾರ್ಕಿಂಗ್ ಜಾಗ ಮಾಡಿ, ರಾಂಗ್ ಸೈಡ್ ಬೈಕಿಗೆ ಬಿಟ್ಟುಕೊಟ್ಟು, ಲಾರಿ ಮಾತ್ರ ಎಡಕ್ಕಿರಲಿ ಎಂದರೆ ಯಾರು ಕೇಳುತ್ತಾರೆ? ಮೋಟಾರು ವಾಹನ ಕಾಯ್ದೆಯ 2019ರ ತಿದ್ದುಪಡಿ ಚಾಲನಾ ನಿಯಮ ಮುರಿದವರಿಗೆ 500ರಿಂದ 1,000 ರೂಪಾಯಿವರೆಗೆ ದಂಡ ಇಟ್ಟಿತು. ರಾಂಗ್ ಸೈಡ್ ಚಾಲನೆಯನ್ನು ಅಪಾಯಕಾರಿ ಚಾಲನೆಯ ಕಲಮಿಗೇ ಸೇರಿಸಿತು. ಅದರಲ್ಲಿ ಎರಡನೆಯದನ್ನು ಮೊದಲು ಹಿಡಿದರೆ ಮೊದಲನೆಯದು ಅರ್ಧ ತಾನಾಗಿಯೇ ಸರಿಹೋಗುತ್ತದೆ ಎಂದು ನನ್ನ ಎಣಿಕೆ.

ಬೆಂಗಳೂರು–ಮೈಸೂರು ಹೆದ್ದಾರಿ ಇದಕ್ಕೆ ಸಾಕ್ಷಿ. ದಶಪಥ ಎಂದು ಹೆಸರಾದ ಆ ರಸ್ತೆಯಲ್ಲಿ ನಡುವಿನ ಮುಖ್ಯ ರಸ್ತೆ ಆರು ಲೇನು, ಉಳಿದ ನಾಲ್ಕು ಸರ್ವೀಸ್ ರಸ್ತೆಯವು. 2023ರ ಆಗಸ್ಟ್ 1ರಿಂದ ಮುಖ್ಯ ರಸ್ತೆಯಲ್ಲಿ ಬೈಕು, ಆಟೊ, ಟ್ರ್ಯಾಕ್ಟರುಗಳನ್ನು ನಿಲ್ಲಿಸಿದರು, ಆಮೇಲೆ ಕ್ಯಾಮೆರಾಗಳು ಬಂದವು. ಬೈಕಿನವರಿಗೆ ಅನ್ಯಾಯ ಎಂಬ ಕೂಗು ಎದ್ದಿತು, ಸರ್ವೀಸ್ ರಸ್ತೆಯ ಸ್ಥಿತಿ ನೋಡಿದರೆ ಅದರಲ್ಲಿ ಹುರುಳೂ ಇತ್ತು. ಆದರೆ ಎಡ ಲೇನು ಖಾಲಿಯಾದ ಮೇಲೆ ಲಾರಿಗಳು ಎಡಕ್ಕೆ ಸರಿಯುವುದನ್ನು ಮದ್ದೂರು–ಮಂಡ್ಯದ ನಡುವೆ ನಾನೇ ನೋಡುತ್ತಿದ್ದೇನೆ. ಈಗ ಬಲ ಲೇನು ಬಿಡದವರು ಕಾರಿನವರು. ‘ನಾನು ಮಿತಿಯ 100ರಲ್ಲೇ ಇದ್ದೀನಲ್ಲ, ಯಾಕೆ ಬಿಡಬೇಕು’ ಎಂಬ ಧರ್ಮಾತ್ಮರು. ಹಿಂದಿನವನ ವೇಗ ನೋಡಿಕೊಳ್ಳಲು ಕ್ಯಾಮೆರಾ ಇದೆ. ನೀವು ಇಂಡಿಕೇಟರ್ ಹಾಕಿ ನಡುವಿನ ಲೇನಿಗೆ ಬನ್ನಿ.

ಊರೊಳಗಿನ ಗೆರೆಗಳಲ್ಲಿ ನನಗೆ ಹೆಚ್ಚು ಸಿಟ್ಟು ಬರುವುದು ಬಾಣದ ಗುರುತಿಗೆ ಆಗುವ ಅಪಮಾನದಿಂದ. ಎಡ ಲೇನಿನಲ್ಲಿ ಎಡಬಾಣ, ಕಂಬದಲ್ಲಿ ‘ಫ್ರೀ ಲೆಫ್ಟ್’ ಫಲಕ. ಅದೇ ಲೇನಿನ ಬಾಯಿಗೆ ನೇರ ಹೋಗಬೇಕಾದ ಒಂದು ಕ್ಯಾಬು ಬಂದು ನಿಲ್ಲುತ್ತದೆ. ಮುಂದೆ ಎರಡು ಕಾರು ಕಡಿಮೆ ಸಿಕ್ಕವಲ್ಲ, ಅಷ್ಟೇ ಲಾಭ. ಹಿಂದೆ ಎಡಕ್ಕೆ ತಿರುಗಬೇಕಾದ ಎರಡು ಬಸ್ಸು, ಒಂದು ಆ್ಯಂಬುಲೆನ್ಸ್. ಇನ್ನೊಂದು ಕಡೆ ಫಲಕವೇ ಇಲ್ಲದ ಜಂಕ್ಷನ್ನಿನಲ್ಲೂ ಫ್ರೀ ಲೆಫ್ಟ್ ಜನ್ಮಸಿದ್ಧ ಹಕ್ಕು ಎಂದುಕೊಂಡು, ಜೀಬ್ರಾ ದಾಟುತ್ತಿರುವ ಅಜ್ಜಿಗೆ ಹಾರ್ನ್ ಹೊಡೆಯುವವರು.

ಜಂಕ್ಷನ್ ನಡುವೆ ಹಳದಿ ಗೆರೆಗಳ ಜಾಲರಿ ಇರುತ್ತದೆ. ಆಚೆ ಬದಿಯಲ್ಲಿ ನಿಮ್ಮ ಗಾಡಿ ಹಿಡಿಯುವಷ್ಟು ಜಾಗ ಕಂಡರೆ ಮಾತ್ರ ಅದರೊಳಗೆ ಕಾಲಿಡಬೇಕು, ಹಸಿರು ಇದ್ದರೂ ಸರಿ. 1967ರಲ್ಲಿ ಬ್ರಿಟನ್ನು ಇದನ್ನು ಜಾರಿಗೆ ತಂದಿದ್ದು ಜಂಕ್ಷನ್ ಕಟ್ಟಿಹೋಗದಿರಲಿ ಎಂದು. ನಮ್ಮಲ್ಲಿ ಹಸಿರು ಕಂಡರೆ ನುಗ್ಗುತ್ತೇವೆ, ಜಾಲರಿಯ ಮೇಲೆ ಸಿಕ್ಕಿಕೊಳ್ಳುತ್ತೇವೆ, ಅಡ್ಡರಸ್ತೆಗೆ ಹಸಿರು ಬಿದ್ದಾಗ ಅವರು ನಮ್ಮ ಬಾಗಿಲಿಗೆ ಬಂಪರ್ ತಾಗಿಸಿ ನಿಲ್ಲುತ್ತಾರೆ.

ಮೈಸೂರಿನ ಸರ್ಕಲ್ಲುಗಳಲ್ಲಿ ಇನ್ನೊಂದು ತಮಾಷೆ. ಸರ್ಕಲ್ಲಿನೊಳಗೆ ಆಗಲೇ ಸುತ್ತುತ್ತಿರುವವನಿಗೆ ಮೊದಲು ದಾರಿ, ಒಳಬರುವವನು ಕಾಯಬೇಕು. ನಾವು ಒಳಗಿರುವವನನ್ನು ನಿಲ್ಲಿಸಿ ಒಳನುಗ್ಗುತ್ತೇವೆ. ಒಳಗಿನವನು ಹೊರಹೋಗದೆ ನಮಗೂ ಜಾಗ ಆಗದು ಎಂಬ ಸರಳ ಸಂಗತಿ ದಸರಾ ದಿನಗಳಲ್ಲಂತೂ ಯಾರ ತಲೆಗೂ ಹೊಳೆಯುವುದಿಲ್ಲ.

ಬಣ್ಣ ಒಂದೇ ಎಷ್ಟು ಮಾಡೀತು ಎಂಬುದೂ ಇದೆ. ಬೆಂಗಳೂರಿನ ಹೊರವರ್ತುಲ ರಸ್ತೆಯಲ್ಲಿ 2019ರಲ್ಲಿ ಸಿಲ್ಕ್ ಬೋರ್ಡಿನಿಂದ ಕೆ.ಆರ್. ಪುರದ ಕಡೆಗೆ ಬಸ್ಸಿಗೆಂದೇ ಒಂದು ಲೇನ್ ಬಿಟ್ಟರು. ಗೆರೆ ಸಾಲದೆಂದು ಗೂಟಗಳನ್ನು ನೆಟ್ಟರು. ಆಮೇಲೆ ಮೆಟ್ರೊ ಕೆಲಸ ಬಂದು ಲೇನೂ ಹೋಯಿತು. ನಗರದ ಟೆಂಡರ್ ಶ್ಯೂರ್ ರಸ್ತೆಗಳಲ್ಲಿ ಬೇರೆ ದಾರಿ ಹಿಡಿದರು: ಲೇನಿನ ಅಗಲ ಉದ್ದಕ್ಕೂ ಒಂದೇ ಇರುವಂತೆ ಫುಟ್‌ಪಾತನ್ನು ಕಟ್ಟಿದರು. ಅಲ್ಲಿ ಎರಡು ಲೇನ್ ಇದ್ದಕ್ಕಿದ್ದಂತೆ ಎರಡೂವರೆ ಆಗುವುದಿಲ್ಲ, ಆ ಅರ್ಧಕ್ಕೆ ನುಗ್ಗುವ ಆಸೆಯೂ ಹುಟ್ಟುವುದಿಲ್ಲ.

ಉಳಿದ ರಸ್ತೆಗಳಿಗೆ ಗೆರೆಯೇ ಗತಿ, ಅದಾದರೂ ಕಾಣಬೇಕಲ್ಲ. ಹೆದ್ದಾರಿಗೆ ಹಾಕುವುದು ಗೋಡೆಗೆ ಬಳಿಯುವ ಬಣ್ಣವಲ್ಲ. ಥರ್ಮೋಪ್ಲಾಸ್ಟಿಕ್ ಪುಡಿಯನ್ನು ಕಾಯಿಸಿ ಕರಗಿಸಿ ಎರಡೂವರೆ ಮಿಲಿಮೀಟರ್ ದಪ್ಪಕ್ಕೆ ಎಳೆಯುತ್ತಾರೆ, ಬಿಸಿ ಇರುವಾಗಲೇ ಮೇಲೆ ಸಕ್ಕರೆಯಷ್ಟು ಸಣ್ಣ ಗಾಜಿನ ಮಣಿಗಳನ್ನು ಉದುರಿಸುತ್ತಾರೆ. ರಾತ್ರಿ ಹೆಡ್‌ಲೈಟಿನ ಬೆಳಕು ಮಣಿಯೊಳಗೆ ಹೊಕ್ಕು ನಮ್ಮ ಕಡೆಗೇ ಮರಳುತ್ತದೆ. ಮಣಿ ಸವೆದರೆ ಹಗಲು ಬೆಳ್ಳಗೆ ಕಾಣುವ ಗೆರೆ ರಾತ್ರಿ ಮಾಯ. ವೈಟ್ ಟಾಪಿಂಗ್ ರಸ್ತೆಯಲ್ಲಿ ಹಗಲೂ ಮಾಯ, ಬಿಳಿಯ ಮೇಲೆ ಬಿಳಿ ಎಲ್ಲಿ ಕಾಣಬೇಕು? ಗೆರೆಯ ಅಂಚಿಗೆ ಕಪ್ಪು ಬಳಿದರೆ ಕಾಣುತ್ತದೆ, ಬಳಿದಿರುವ ಕಡೆ ಕಡಿಮೆ.

ನಮ್ಮ ಬಡಾವಣೆಯ ಮುಖ್ಯರಸ್ತೆಗೆ ಹೊಸ ಡಾಂಬರು ಬಿದ್ದು ಮಳೆಗಾಲ ಕಳೆಯಿತು. ಹಂಪ್ಸ್ ಎಲ್ಲಿವೆ ಎಂದು ಬೆನ್ನುಮೂಳೆಗೆ ಗೊತ್ತು, ಕಣ್ಣಿಗೆ ಗೊತ್ತಿಲ್ಲ. ಶಾಲೆಯ ಮುಂದಿದ್ದ ಜೀಬ್ರಾ ಡಾಂಬರಿನ ಅಡಿಗೆ ಹೋಗಿದೆ. ಕೇಳಿದರೆ “ಗೆರೆದು ಬೇರೆ ಟೆಂಡರ್ ಸಾರ್, ಫೈಲ್ ಮೂವ್ ಆಗ್ತಿದೆ” ಎಂಬ ಉತ್ತರ. ಡಾಂಬರಿನ ಅಂದಾಜು ಪಟ್ಟಿಯಲ್ಲೇ ಗೆರೆಯ ಬಾಬ್ತೂ ಸೇರಿರಬೇಕು, ಗೆರೆ ಬೀಳದೆ ಕೊನೆಯ ಬಿಲ್ ಪಾಸಾಗಬಾರದು ಎಂದು ಮೂರು ಮನೆಯವರು ಸೇರಿ ಅರ್ಜಿ ಬರೆದಿದ್ದೇವೆ. ಹಂಪ್ಸಿನ ಫೋಟೊ, ಶಾಲೆ ಬಿಡುವ ಹೊತ್ತಿನ ಫೋಟೊ ಲಗತ್ತಿಸಿದ್ದೇವೆ. ನಿಮ್ಮ ರಸ್ತೆಯ ಕಥೆಯೂ ಇದೇ ಆಗಿದ್ದರೆ ಬಿಲ್ ಪಾಸಾಗುವ ಮೊದಲೇ ಬರೆಯಿರಿ, ಆಮೇಲೆ ಗುತ್ತಿಗೆದಾರರ ಫೋನು ಸ್ವಿಚ್ ಆಫ್ ಬರುತ್ತದೆ.