ಒಂದು ಪರದೆಯಾದರೂ ಮನೆಗಿರಲಿ

ನಿಮ್ಮ ಮನೆಯಲ್ಲೂ ಇಂಥವರೊಬ್ಬರು ಇರಬಹುದು. ಮಗನೋ, ಮಗಳೋ, ಅಳಿಯನೋ. ಕೋಣೆಯ ಮೂಲೆಯಲ್ಲಿ ಮೇಜು, ಅದರ ಮೇಲೆ ಲ್ಯಾಪ್‌ಟಾಪ್, ಪಕ್ಕದಲ್ಲಿ ಒಂದೋ ಎರಡೋ ಮಾನಿಟರ್. ಬೆಂಗಳೂರಿನಲ್ಲೋ ಲಂಡನ್ನಿನಲ್ಲೋ ಇರುವ ಕಚೇರಿಯ ಕಂಪ್ಯೂಟರನ್ನು ರಿಮೋಟ್ ಡೆಸ್ಕ್‌ಟಾಪ್ ತಂತ್ರಾಂಶದ ಮೂಲಕ ಇಲ್ಲಿಂದಲೇ ನಡೆಸುತ್ತಾರೆ. ಹಲಾಲ್ ದುಡಿಮೆ, ಮನೆಯವರ ಕಣ್ಣೆದುರೇ ಇರುತ್ತಾರೆ, ಅಲ್‌ಹಮ್ದುಲಿಲ್ಲಾಹ್. ಆದರೆ ಸಂಜೆಯಾದರೆ ಕತ್ತು ಹಿಡಿದಿದೆ, ಕಣ್ಣು ಉರಿಯುತ್ತಿದೆ ಎಂಬ ದೂರು. ನಾವು ಮುಲಾಮು ಹಚ್ಚಿ ಸುಮ್ಮನಾಗುತ್ತೇವೆ. ಆ ಮೇಜಿನ ಕಡೆ ನೋಡುವುದೇ ಇಲ್ಲ.

ಈ ತಂತ್ರಾಂಶಗಳಲ್ಲಿ ಎಲ್ಲ ಮಾನಿಟರ್‌ಗಳನ್ನೂ ಬಳಸುವ ಆಯ್ಕೆಯೊಂದಿರುತ್ತದೆ. ಅದಕ್ಕೆ ಗುರುತು ಹಾಕಿದರೆ ಕಚೇರಿಯ ಕಂಪ್ಯೂಟರ್ ಎಲ್ಲ ಪರದೆಗಳನ್ನೂ ತುಂಬಿಕೊಳ್ಳುತ್ತದೆ. ನಮ್ಮ ಕಂಪ್ಯೂಟರಿನ ಗಡಿಯಾರ, ನಮಾಝ್ ವೇಳೆಯ ಸೂಚನೆ ಎಲ್ಲವೂ ಅದರ ಅಡಿಗೆ ಹೋಗುತ್ತವೆ. ಎಷ್ಟೋ ಸಲ ಮೂಲೆಯಲ್ಲಿ ಕಾಣುವುದು ದೂರದ ಊರಿನ ಸಮಯ. ಕಿವಿಗೆ ಹೆಡ್‌ಫೋನ್ ಇದ್ದರೆ ಮಸೀದಿಯ ಅಝಾನ್ ಕೂಡ ಕೇಳಿಸದು. ಅಸರ್ ಕೈತಪ್ಪುತ್ತದೆ. ಆ ಹೊತ್ತಿಗೆ ಏಳಬೇಕಿದ್ದ ದೇಹವೂ ಕುಳಿತಲ್ಲೇ ಉಳಿಯುತ್ತದೆ.

ಆದ್ದರಿಂದ ನನ್ನ ಅಭಿಪ್ರಾಯ ಇಷ್ಟೇ: ಎಲ್ಲ ಪರದೆಗಳನ್ನೂ ಕಚೇರಿಗೆ ಒಪ್ಪಿಸಬೇಡಿ. ಚಿಕ್ಕದಾದರೂ ಒಂದನ್ನು ಮನೆಗೆ ಉಳಿಸಿಕೊಳ್ಳಿ. ಅದರಲ್ಲಿ ನಮ್ಮೂರಿನ ಗಡಿಯಾರ ಮತ್ತು ನಮಾಝ್ ವೇಳಾಪಟ್ಟಿ ಕಾಣುತ್ತಿರಲಿ. ಕೆಲವು ತಂತ್ರಾಂಶಗಳಲ್ಲಿ ಯಾವ ಪರದೆ ಬೇಕೆಂದು ಆರಿಸಬಹುದು. ಇಲ್ಲದಿದ್ದರೆ ಆ ಗುರುತನ್ನು ತೆಗೆದುಬಿಡಿ, ಕಚೇರಿ ಒಂದೇ ಪರದೆಯಲ್ಲಿ ತೆರೆದುಕೊಳ್ಳುತ್ತದೆ.

ಕಚೇರಿಯ ಸಮಯವೂ ಅಮಾನತ್ ಅಲ್ಲವೇ ಎಂದು ನೀವು ಕೇಳಬಹುದು. ಖಂಡಿತ ಹೌದು. ದೇಹವೂ ಅಮಾನತೇ. ಹಗಲೆಲ್ಲ ಉಪವಾಸವಿದ್ದು ಇರುಳೆಲ್ಲ ನಮಾಝ್‌ನಲ್ಲಿ ನಿಲ್ಲುತ್ತಿದ್ದ ಅಬ್ದುಲ್ಲಾಹ್ ಬಿನ್ ಅಮ್ರ್(ರ) ಅವರಿಗೆ ಪ್ರವಾದಿ(ಸ)ರು, ದೇಹಕ್ಕೂ ಕಣ್ಣುಗಳಿಗೂ ಪತ್ನಿಗೂ ಅವರ ಮೇಲೆ ಹಕ್ಕಿದೆ ಎಂದು ನೆನಪಿಸಿದರು. ಇಬಾದತ್‌ನಲ್ಲೇ ಮಿತಿ ಕಲಿಸಿದ ದೀನ್, ದುಡಿಮೆಯಲ್ಲಿ ಮಿತಿ ಬೇಡ ಎಂದೀತೇ?

ಇನ್ನು ಮೇಜಿನ ವಿಷಯ. ಹೆಚ್ಚು ಬಳಸುವ ಪರದೆ ಮುಖಕ್ಕೆ ನೇರವಾಗಿ, ಒಂದು ತೋಳಿನಷ್ಟು ದೂರದಲ್ಲಿರಲಿ. ಅದರ ಮೇಲಂಚು ಕಣ್ಣಿನ ಮಟ್ಟಕ್ಕೆ ಅಥವಾ ತುಸು ಕೆಳಗಿರಲಿ. ಎರಡನ್ನೂ ಸಮನಾಗಿ ಬಳಸುವವರು ಅವೆರಡೂ ಸೇರುವ ಅಂಚನ್ನು ಎದುರಿಗೆ ಬರುವಂತೆ ಇಟ್ಟು, ಸ್ವಲ್ಪ ಒಳಮುಖವಾಗಿ ತಿರುಗಿಸಲಿ. ಲ್ಯಾಪ್‌ಟಾಪ್ ತಗ್ಗಿನಲ್ಲಿ, ಮಾನಿಟರ್ ಎತ್ತರದಲ್ಲಿ ಇದ್ದರೆ ಕತ್ತು ದಿನವಿಡೀ ಏರಿಳಿಯುತ್ತದೆ. ಗಟ್ಟಿ ಪೆಟ್ಟಿಗೆಯ ಮೇಲೆ ಲ್ಯಾಪ್‌ಟಾಪ್ ಇಟ್ಟು, ಬೇರೆ ಕೀಬೋರ್ಡ್ ಬಳಸಿ. ದೂರಕ್ಕೂ ಓದಿಗೂ ಒಂದೇ ಕನ್ನಡಕ ಹಾಕುವ ಹಿರಿಯರು ಪರದೆಯನ್ನು ಇನ್ನಷ್ಟು ತಗ್ಗಿಸಬೇಕು, ಇಲ್ಲವಾದರೆ ಗಲ್ಲ ಎತ್ತಿ ಓದಬೇಕಾಗುತ್ತದೆ.

ದೂರದ ಕಂಪ್ಯೂಟರಿನ ಅಕ್ಷರಗಳು ನಮ್ಮ ಪರದೆಯಲ್ಲಿ ಕೆಲವೊಮ್ಮೆ ತೀರಾ ಚಿಕ್ಕದಾಗಿ ಮೂಡುತ್ತವೆ. ಆಗ ತಲೆಯನ್ನು ಮುಂದಕ್ಕೆ ಚಾಚಬೇಡಿ, ಅಕ್ಷರಗಳನ್ನು ದೊಡ್ಡದು ಮಾಡಿಕೊಳ್ಳಿ. ಪರದೆ ದಿಟ್ಟಿಸುವಾಗ ರೆಪ್ಪೆ ಬಡಿಯುವುದು ಕಡಿಮೆಯಾಗಿ ಕಣ್ಣು ಒಣಗುತ್ತದೆ. 20 ನಿಮಿಷಕ್ಕೊಮ್ಮೆ 20 ಅಡಿ ದೂರದ ವಸ್ತುವನ್ನು 20 ಸೆಕೆಂಡು ನೋಡಿ. ಫ್ಯಾನಿನ ಗಾಳಿ ನೇರವಾಗಿ ಮುಖಕ್ಕೆ ಬೀಸದಿರಲಿ.

ನಮಾಝ್ ವ್ಯಾಯಾಮವಲ್ಲ, ಇಬಾದತ್. ಆದರೆ ಹೊತ್ತಿಗೆ ಸರಿಯಾಗಿ ಎದ್ದವರಿಗೆ ವುಝೂವಿನ ತಂಪು, ನಾಲ್ಕು ಹೆಜ್ಜೆಯ ನಡಿಗೆ, ಕಣ್ಣಿಗೆ ವಿರಾಮ ತಾನಾಗಿ ದೊರೆಯುತ್ತವೆ. ಝುಹರ್ ಮತ್ತು ಅಸರ್ ನಡುವೆ ಮೂರು ಗಂಟೆಯಾದರೂ ಇರುವುದರಿಂದ ಅಷ್ಟಕ್ಕೇ ನಿಲ್ಲಬೇಡಿ, ಅರ್ಧ ಗಂಟೆಗೊಮ್ಮೆ ಎದ್ದು ಓಡಾಡಿ. ಕತ್ತುನೋವಿನ ಜೊತೆ ಕೈ ಜುಮ್ಮೆನ್ನುತ್ತಿದ್ದರೆ ಅಥವಾ ಮರಗಟ್ಟುತ್ತಿದ್ದರೆ ಮುಲಾಮು ನಂಬಿ ಕೂರದೆ ವೈದ್ಯರಿಗೆ ತೋರಿಸಿ.

ಮನೆಯವರಲ್ಲಿ ಒಂದು ಮಾತು. ನಾಲ್ಕು ಗಂಟೆಯ ಚಹಾವನ್ನು ಪ್ರೀತಿಯಿಂದ ಆ ಮೇಜಿಗೇ ತಂದುಕೊಡಬೇಡಿ. ಅವರನ್ನೇ ಅಡುಗೆಮನೆಗೆ ಕರೆಯಿರಿ.